ಕಾಡು ಕುದುರೆ, ಸಾಕು ಕುದುರೆ, ಬಿಡಾಡಿ ಕುದುರೆ: ಲ್ಯಾಬ್ ಗೋಡೆಗೆ ಚಾರ್ಟ್ ಮಾಡಿದ ನನ್ನ ಅನುಭವ

ಗಂಗಾವತಿ ಕಡೆಯ ಒಂದು ಪಿಯು ಕಾಲೇಜಿನಲ್ಲಿ ಜೀವಶಾಸ್ತ್ರ ಪಾಠ ಮಾಡುತ್ತೇನೆ. ವರ್ಗೀಕರಣದ ಪಾಠ ಬಂತೆಂದರೆ ಹುಡುಗರಿಗೆ ಆಕಳಿಕೆ ಶುರು. ಮನುಷ್ಯ, ನೊಣ, ಮಾವು, ಗೋಧಿ ಅಂತ ಪುಸ್ತಕದಲ್ಲಿರುವ ನಾಲ್ಕು ಉದಾಹರಣೆ ಬಾಯಿಪಾಠ ಮಾಡಿದರೆ ಅವರ ಪಾಲಿಗೆ ಪಾಠ ಮುಗೀತು. ಅದಕ್ಕೇ ಕುದುರೆ ಹಿಡಿದೆ. ಈಕ್ವಸ್ ಅನ್ನುವ ಒಂದೇ ಕುಲ, ಈಗ ಬದುಕಿರುವ ಪ್ರಭೇದಗಳು ಬೆರಳಲ್ಲಿ ಎಣಿಸುವಷ್ಟು, ಆದರೆ ಹೆಸರಿನ ಜಗಳ ಮಾತ್ರ ಬೇಕಾದಷ್ಟು. ಲ್ಯಾಬ್ ಗೋಡೆ ತುಂಬುವ ಹಾಗೆ ಒಂದು ಚಾರ್ಟ್ ಮಾಡಿದೆವು. ಬೇರೆ ಮೇಷ್ಟ್ರುಗಳು ಕೇಳುತ್ತಿರುತ್ತಾರೆ, ಹಾಗಾಗಿ ಹೇಗೆ ಮಾಡಿದೆವು ಅಂತ ಇಲ್ಲೇ ಬರೆದುಬಿಡುತ್ತೇನೆ.

ಮೊದಲು ಹೆಸರಿಗೆ ಕೈ ಹಾಕಲಿಲ್ಲ. ಹುಡುಗರು ತಂದ ಚಿತ್ರಗಳನ್ನೆಲ್ಲ ಮೇಜಿನ ಮೇಲೆ ಹರಡಿ ಮೂರು ಗುಂಪು ಮಾಡಿಸಿದೆ. ಕೇಳಿದ್ದು ಒಂದೇ ಪ್ರಶ್ನೆ: ಈ ಕುದುರೆಯ ಹಿಂದಿನವರು ಯಾವತ್ತಾದರೂ ಮನುಷ್ಯನ ಕೈಗೆ ಸಿಕ್ಕಿದ್ದರಾ? ಇಲ್ಲ ಅಂದರೆ ಕಾಡಿನದು. ಹೌದು, ಈಗಲೂ ಕೈಯಲ್ಲೇ ಇದೆ ಅಂದರೆ ಸಾಕಿದ್ದು. ಸಿಕ್ಕಿ ಆಮೇಲೆ ತಪ್ಪಿಸಿಕೊಂಡು ತನ್ನ ಪಾಡಿಗೆ ತಾನು ಬದುಕುತ್ತಿದ್ದರೆ ಬಿಡಾಡಿ. ಅಮೆರಿಕದ ಮಸ್ಟಾಂಗ್ ಚಿತ್ರ ತಂದ ಹುಡುಗಿ ಅದನ್ನು ಕಾಡಿನ ಗುಂಪಿಗೆ ಹಾಕಿದ್ದಳು. ಬಯಲಲ್ಲಿ ಓಡುತ್ತೆ, ಲಗಾಮಿಲ್ಲ, ಲಾಳ ಇಲ್ಲ, ಮತ್ತೇನು? ಆದರೆ ಅಮೆರಿಕದ ಮೂಲ ಕುದುರೆಗಳು ಸುಮಾರು 10 ಸಾವಿರ ವರ್ಷಗಳ ಹಿಂದೆಯೇ ಅಳಿದುಹೋದವು, ಈಗಿರುವವು ಸ್ಪೇನಿನವರು ಹಡಗಲ್ಲಿ ತಂದ ಸಾಕು ಕುದುರೆಗಳ ಸಂತತಿ. ಬಸ್ ಸ್ಟ್ಯಾಂಡ್ ಮುಂದೆ ತಿರುಗುವ ಬಿಡಾಡಿ ದನಕ್ಕೆ ಕಾಡುಪ್ರಾಣಿ ಅಂತ ಯಾರೂ ಅನ್ನಲ್ಲ, ಅಲ್ವಾ? ಆಸ್ಟ್ರೇಲಿಯಾದ ಬ್ರಂಬಿಯದೂ ಅದೇ ಕಥೆ. ನಮ್ಮ ಅಸ್ಸಾಮಿನ ದಿಬ್ರು-ಸೈಖೋವಾ ರಾಷ್ಟ್ರೀಯ ಉದ್ಯಾನದಲ್ಲೂ ಇಂಥವಿವೆ, ಎರಡನೇ ಮಹಾಯುದ್ಧದ ಕಾಲದ ಸೈನ್ಯದ ಕುದುರೆಗಳ ವಂಶ ಅನ್ನುತ್ತಾರೆ. ಎಲ್ಲಿ ಮೇಯುತ್ತೆ ಅನ್ನುವುದರಿಂದ ಹೆಸರು ಬದಲಾಗಲ್ಲ, ವಂಶ ನೋಡಬೇಕು. ಇಷ್ಟು ತಲೆಗೆ ಹೋದರೆ ಅರ್ಧ ಕೆಲಸ ಆದ ಹಾಗೆ.

ಇನ್ನು ಹೆಸರು. ಸಾಕು ಕುದುರೆಗೆ ಸ್ವೀಡನ್ನಿನ ಜೀವಶಾಸ್ತ್ರಜ್ಞ ಲಿನೇಯಸ್ 1758ರಲ್ಲಿ ಈಕ್ವಸ್ ಕಬಾಲಸ್ ಅಂತ ಹೆಸರಿಟ್ಟ. ಕಾಡು ಕುದುರೆಗೆ ಬೊಡಾರ್ಟ್ ಎಂಬಾತ 1785ರಲ್ಲಿ ಈಕ್ವಸ್ ಫೆರಸ್ ಅಂತ ಇಟ್ಟ. ಎರಡೂ ಒಂದೇ ಪ್ರಭೇದ ಅಂತ ಒಪ್ಪಿದರೆ ಯಾವ ಹೆಸರು ಉಳಿಯಬೇಕು? ಪ್ರಾಣಿಶಾಸ್ತ್ರದ ನಿಯಮದಲ್ಲಿ ಮೊದಲು ಬಂದ ಹೆಸರಿಗೇ ಪಟ್ಟ. ಹಾಗೆ ನೋಡಿದರೆ ಕಬಾಲಸ್ ಗೆಲ್ಲಬೇಕಿತ್ತು, ಅಂದರೆ ಅಜ್ಜನಿಗೆ ಮೊಮ್ಮಗನ ಹೆಸರು ಬೀಳುತ್ತಿತ್ತು. ಕುದುರೆಯೊಂದೇ ಅಲ್ಲ, ಕತ್ತೆ, ಒಂಟೆ, ಎಮ್ಮೆ, ಇವುಗಳಲ್ಲೂ ಇದೇ ಗೋಳು. ಕೊನೆಗೆ ಪ್ರಾಣಿನಾಮಗಳ ಅಂತರರಾಷ್ಟ್ರೀಯ ಆಯೋಗ 2003ರಲ್ಲಿ ತೀರ್ಪು ಕೊಟ್ಟಿತು: ಇಂಥ 17 ಕಾಡು ಪ್ರಭೇದಗಳ ಹೆಸರು, ಸಾಕುಪ್ರಾಣಿಯ ಹೆಸರಿಗಿಂತ ಆಮೇಲೆ ಬಂದಿದ್ದರೂ, ಅದೇ ಕಾರಣಕ್ಕೆ ಬಿದ್ದುಹೋಗಲ್ಲ. ಹಾಗಾಗಿ ಈಗ ಎರಡು ರೂಢಿ ಇವೆ. ಒಂದೇ ಪ್ರಭೇದ ಅನ್ನುವವರು ಸಾಕು ಕುದುರೆಗೆ ಈಕ್ವಸ್ ಫೆರಸ್ ಕಬಾಲಸ್ ಅಂತ ಮೂರು ಪದದಲ್ಲಿ ಬರೆಯುತ್ತಾರೆ. ಬೇರೆ ಅನ್ನುವವರು ಈಕ್ವಸ್ ಕಬಾಲಸ್ ಅಂತಲೇ ಮುಂದುವರಿಸುತ್ತಾರೆ. ನಮ್ಮ ಚಾರ್ಟಿಗೆ ನಾನು ಮೂರು ಪದದ್ದು ಆರಿಸಿಕೊಂಡೆ, ಯಾಕಂದರೆ ಕೊಂಬೆ ಬಿಡಿಸಿ ತೋರಿಸುವಾಗ ಯಾವುದು ಯಾವುದರಿಂದ ಬಂತು ಅಂತ ಹೆಸರೇ ಹೇಳುತ್ತೆ. ನೀವು ಎರಡು ಪದದ್ದು ಬರೆದರೂ ತಪ್ಪಲ್ಲ. ಒಂದೇ ಚಾರ್ಟಿನಲ್ಲಿ ಎರಡೂ ಬೆರೆಸಬೇಡಿ, ಅಷ್ಟೇ.

ಹುಡುಗರು ಜಾಸ್ತಿ ಕಿತ್ತಾಡಿದ್ದು ಮಂಗೋಲಿಯಾದ ಕುದುರೆಯ ಮೇಲೆ. ಅಲ್ಲಿಯವರು ತಾಖಿ ಅನ್ನುತ್ತಾರೆ, ಪುಸ್ತಕದಲ್ಲಿ ಪ್ರಜೆವಾಲ್ಸ್ಕಿ ಕುದುರೆ. ರಷ್ಯಾದ ಅನ್ವೇಷಕ ಪ್ರಜೆವಾಲ್ಸ್ಕಿ ತಂದ ತಲೆಬುರುಡೆ, ಚರ್ಮ ನೋಡಿ ಪೊಲಿಯಾಕೋವ್ ಎಂಬ ಪ್ರಾಣಿಶಾಸ್ತ್ರಜ್ಞ 1881ರಲ್ಲಿ ಹೆಸರಿಟ್ಟ. ಗುರುತು ಸುಲಭ. ಕೇಸರ ಬ್ರಷ್ಷಿನ ಹಾಗೆ ನೆಟ್ಟಗೆ ನಿಂತಿರುತ್ತೆ, ಹಣೆಯ ಮೇಲೆ ಜುಟ್ಟು ಇಳಿಬಿದ್ದಿರಲ್ಲ, ಮೂತಿ ಬೆಳ್ಳಗೆ, ಬೆನ್ನುದ್ದಕ್ಕೂ ಒಂದು ಕಪ್ಪು ಪಟ್ಟೆ. ವರ್ಣತಂತು 66, ಸಾಕು ಕುದುರೆಯಲ್ಲಿ 64. ಎರಡೂ ಕೂಡಿದರೆ 65ರ ಮರಿ ಹುಟ್ಟುತ್ತೆ, ಆ ಮರಿಗೂ ಮುಂದೆ ಮರಿಯಾಗುತ್ತೆ. ಕಾಡಿನಲ್ಲಿ ಕೊನೆಗೆ ಕಂಡದ್ದು 1969ರಲ್ಲಿ. ಮೃಗಾಲಯಗಳಲ್ಲಿ ಉಳಿದ ಸಂತತಿಯನ್ನು ಬೆಳೆಸಿ 1992ರಿಂದ ಮತ್ತೆ ಮಂಗೋಲಿಯಾಕ್ಕೆ ಬಿಟ್ಟರು. ಈಗಿರುವ ಅಷ್ಟೂ ತಾಖಿಗಳ ಮೂಲ 15ಕ್ಕೂ ಕಡಿಮೆ ಪ್ರಾಣಿ.

ಇಲ್ಲಿವರೆಗೆ ಸರಿ. ಆದರೆ 2018ರಲ್ಲಿ ಬಂದ ಡಿಎನ್‌ಎ ಅಧ್ಯಯನವೊಂದು, ಕಜಾಕಸ್ತಾನದ ಬೊಟಾಯ್ ಅನ್ನುವ ಜಾಗದಲ್ಲಿ ಸುಮಾರು 5,500 ವರ್ಷಗಳ ಹಿಂದೆ ಜನ ಸಾಕಿದ್ದ ಕುದುರೆಗಳ ವಂಶವೇ ಈ ತಾಖಿ ಅಂದಿತು. ಇದನ್ನು ಹೇಳಿದ್ದೇ ತಡ, ಹಿಂದಿನ ಬೆಂಚಿನಿಂದ ಬಂತು: "ಹಂಗಾದ್ರ ಇದನ್ನೂ ಬಿಡಾಡಿ ಗುಂಪಿಗೆ ಹಾಕಬೇಕಲ್ರೀ ಸರ?" ಪ್ರಶ್ನೆ ಅಂದರೆ ಇದು. ಪಠ್ಯದ ಯಾವ ಸಾಲೂ ಇವರಿಂದ ಇಂಥ ಪ್ರಶ್ನೆ ಹೊರಡಿಸಿರಲಿಲ್ಲ. ಮತ್ತೆ 2021ರಲ್ಲಿ ಇನ್ನಿಬ್ಬರು ಸಂಶೋಧಕರು, ಬೊಟಾಯ್ ಜನ ಕುದುರೆ ಸಾಕಿದ್ದರು ಅನ್ನುವುದೇ ಅನುಮಾನ, ಬೇಟೆಯಾಡಿರಬಹುದು ಅಂತ ವಾದ ಹೂಡಿದರು. ಅದೇ ವರ್ಷದ ಇನ್ನೊಂದು ದೊಡ್ಡ ಅಧ್ಯಯನ, ಇವತ್ತಿನ ಸಾಕು ಕುದುರೆಗಳ ಬೇರು ಬೊಟಾಯ್‌ನಲ್ಲಿಲ್ಲ, ವೋಲ್ಗಾ-ಡಾನ್ ನದಿಗಳ ಕೆಳಭಾಗದ ಹುಲ್ಲುಗಾವಲಿನಲ್ಲಿದೆ ಅಂತ ತೋರಿಸಿತು. ತಾಖಿಯನ್ನು ನಾವು ಕಾಡಿನ ಗುಂಪಿನಲ್ಲೇ ಇಟ್ಟೆವು, ಆದರೆ ಬಿಡಾಡಿ ಗುಂಪಿನ ಕಡೆಗೆ ಒಂದು ಚುಕ್ಕಿಗೆರೆ ಎಳೆದು ಪಕ್ಕದಲ್ಲಿ ಪ್ರಶ್ನಾರ್ಥಕ ಚಿಹ್ನೆ ಹಾಕಿದೆವು.

ಟಾರ್ಪಾನ್ ಚಿತ್ರ ಹುಡುಕುವಾಗ ಹುಷಾರು. ಯುರೋಪಿನ ಈ ಕುದುರೆಯ ಕೊನೆಯದು ಅನ್ನಿಸಿಕೊಂಡದ್ದು 1909ರಲ್ಲಿ ರಷ್ಯನ್ ಸಾಮ್ರಾಜ್ಯದಲ್ಲಿ ಸೆರೆಯಲ್ಲಿದ್ದಾಗಲೇ ಸತ್ತಿತು. ಇಂಟರ್‌ನೆಟ್ಟಿನಲ್ಲಿ ಟಾರ್ಪಾನ್ ಅಂತ ಸಿಗುವ ಚೆಂದದ ಕಲರ್ ಫೋಟೋಗಳು ಹೆಚ್ಚಾಗಿ ಪೋಲೆಂಡಿನ ಕೊನಿಕ್, ಇಲ್ಲವೇ ಜರ್ಮನಿಯ ಹೆಕ್ ಸಹೋದರರು ಬೇರೆಬೇರೆ ತಳಿ ಕೂಡಿಸಿ ಮಾಡಿದ ಹೆಕ್ ಕುದುರೆ. ಎರಡೂ ಸಾಕು ಗುಂಪಿಗೇ ಸೇರಬೇಕು.

ತಳಿಗಳಿಗೆ ಬಂದರೆ ನಮ್ಮ ಕಡೆಯ ಸರಕು ಸಿಗುತ್ತೆ. ಸುಗ್ಗಿ ಮುಗಿದ ಮೇಲೆ ಕನಕಗಿರಿ, ಕುಷ್ಟಗಿ ಕಡೆ ಕುರಿ ಹಿಂಡಿನ ಜೊತೆ ಒಂದೆರಡು ಕುದುರೆ ಹೋಗುತ್ತವಲ್ಲ, ಬೆನ್ನ ಮೇಲೆ ಬಲೆ, ಕಂಬಳಿ, ಪಾತ್ರೆ, ಮೇಲೊಂದು ಪುಟ್ಟ ಕುರಿಮರಿ. ಅಂಥ ಒಂದು ಹಿಂಡಿನ ಹತ್ತಿರ ಹುಡುಗರನ್ನು ಕರೆದುಕೊಂಡು ಹೋದೆ. ಹೆಣ್ಣು ಕುದುರೆ, ಎತ್ತರ ನನ್ನ ಎದೆಗೆ ಬರುತ್ತಿತ್ತು, ಕೆಂಚು ಬಣ್ಣ, ಗೊರಸು ಸಣ್ಣದು, ಕಲ್ಲಿನಷ್ಟು ಗಟ್ಟಿ. ಹಗ್ಗ ಉಜ್ಜಿ ಉಜ್ಜಿ ಹೆಗಲ ಹತ್ತಿರ ಕೂದಲು ಬೆಳ್ಳಗಾಗಿತ್ತು. ಯಾವ ತಳಿ ಅಂತ ಕೇಳಿದ್ದಕ್ಕೆ ಕುರಿಗಾರ ಅಜ್ಜ, "ಜವಾರಿ ಐತ್ರೀ, ನಮ್ಮಪ್ಪನ ಕಾಲದಿಂದ ಇದರ ಪೈಕಿನ ಅದಾವು" ಅಂದ. ಭೀಮಾ ತೀರದ ಹೆಸರು ಹೊತ್ತ ಭೀಮಥಡಿ ಅನ್ನುವ ದಖ್ಖನಿ ತಳಿ ಇದೆ, ಮರಾಠರ ಕಾಲದಿಂದ ಹೆಸರಾದದ್ದು. ಆ ಭೀಮೆ ರಾಯಚೂರಿನ ಗಡಿಯಲ್ಲೇ ಕೃಷ್ಣೆಗೆ ಸೇರುತ್ತಾಳೆ. ಅಷ್ಟಕ್ಕೇ ಅಜ್ಜನ ಕುದುರೆಗೆ ಭೀಮಥಡಿ ಅಂತ ಚೀಟಿ ಅಂಟಿಸಲು ಬರಲ್ಲ. ಮೈ ಅಳತೆ, ವಂಶ ಎಲ್ಲ ನೋಡಬೇಕು. ಚಾರ್ಟಿನಲ್ಲಿ "ಸ್ಥಳೀಯ, ತಳಿ ಗುರುತಿಸಿಲ್ಲ" ಅಂತ ಬರೆದೆವು. ಮಾರ್ವಾಡಿ, ಕಾಠಿಯಾವಾಡಿ ಕುದುರೆಗೆ ಇಷ್ಟು ಕಷ್ಟ ಇಲ್ಲ, ಕಿವಿಯ ತುದಿಗಳು ಒಳಕ್ಕೆ ಬಾಗಿ ಒಂದಕ್ಕೊಂದು ತಾಗುವ ಹಾಗಿರುತ್ತವೆ.

ತಳಿಗೆ ಲ್ಯಾಟಿನ್ ಹೆಸರಿಲ್ಲ ಅನ್ನುವುದನ್ನು ಮಾತ್ರ ಒತ್ತಿ ಹೇಳಬೇಕಾಯಿತು. ಹಂಪಿಯ ಹಜಾರರಾಮ ಗುಡಿಯ ಹೊರಗೋಡೆಯಲ್ಲಿ ಸಾಲುಗಟ್ಟಿದ ಕುದುರೆಗಳಿವೆಯಲ್ಲ, ವಿಜಯನಗರದವರು ಅರಬ್, ಪರ್ಷಿಯಾ ಕಡೆಯಿಂದ ಹಡಗಿನಲ್ಲಿ ತರಿಸುತ್ತಿದ್ದ ಕಾಲದವು. ಆ ಅರಬ್ಬಿ ಕುದುರೆಯೂ, ಬೆಂಗಳೂರಿನ ರೇಸ್ ಕುದುರೆಯೂ, ಅಜ್ಜನ ಜವಾರಿಯೂ ಲ್ಯಾಟಿನ್‌ನಲ್ಲಿ ಒಂದೇ.

ಉಳಿದ ಬಂಧುಗಳಿಗೆ ಒಂದು ಮೂಲೆ ಸಾಕು: ಕಚ್ಛ್ ರಣದ ಕಾಡುಕತ್ತೆ, ಲಡಾಖಿನ ಕಿಯಾಂಗ್ ಅನ್ನುವ ಕಾಡುಕತ್ತೆ, ಆಫ್ರಿಕಾದ ಮೂರು ಬಗೆಯ ಝೀಬ್ರಾ, ನಮ್ಮೂರ ಕತ್ತೆ. ಹೇಸರಗತ್ತೆಗೆ ಪ್ರಭೇದದ ಹೆಸರು ಕೊಡಬೇಡಿ. ಗಂಡು ಕತ್ತೆಯ ವರ್ಣತಂತು 62, ಹೆಣ್ಣು ಕುದುರೆಯದು 64, ಇವೆರಡಕ್ಕೆ ಹುಟ್ಟಿದ ಈ ಮರಿಗೆ 63, ಮುಂದೆ ಸಂತಾನ ಇಲ್ಲ ಅಂತಲೇ ಹೇಳಬಹುದು. ಅಪ್ಪ-ಅಮ್ಮನ ಹೆಸರು ಬರೆದು ನಡುವೆ ಗುಣಾಕಾರದ ಚಿಹ್ನೆ ಹಾಕಿದರೆ ಆಯಿತು. ಕೈಯಲ್ಲಿ ಬರೆಯುವಾಗ ಲ್ಯಾಟಿನ್ ಪದ ಪ್ರತಿಯೊಂದಕ್ಕೂ ಬೇರೆಬೇರೆ ಅಡಿಗೆರೆ ಎಳೆಸಿ, ತಳಿಯ ಹೆಸರಿಗೆ ಗೆರೆ ಬೇಡ. ಪರೀಕ್ಷೆಯಲ್ಲಿ ಇದಕ್ಕೇ ಅಂಕ ಕಳೆಯುತ್ತಾರೆ.