ಪಾಲೆಸ್ತ್ರೀನಾ ಹಾಡೋಕೆ ನಾವು ಶ್ರುತಿ ಇಳಿಸಿದ್ದು

ಹದಿನಾರನೇ ಶತಮಾನದ ಇಟಲಿಯ ಸಂಗೀತ ರಚನೆಕಾರ ಪಾಲೆಸ್ತ್ರೀನಾನ ಮಿಸ್ಸಾ ಪಾಪೆ ಮಾರ್ಚೆಲ್ಲಿ (ಪೋಪ್ ಮಾರ್ಚೆಲ್ಲುಸ್ ಹೆಸರಿನ ಮಾಸ್, ಅಂದ್ರೆ ಚರ್ಚ್ ಪೂಜೆಯ ಹಾಡುಗಳ ಗುಚ್ಛ) ಹಾಡ್ಬೇಕು ಅಂತ ಹೊರಟವರಿಗೆ ನಾನು ಮೊದಲು ಹೇಳೋದು, ಸ್ಕೋರ್ (ಸ್ವರಲಿಪಿ) ಶುರುವಾಗೋ ಜಾಗದಲ್ಲಿ ಎಡಗಡೆ ಪುಟ್ಟದಾಗಿ, ಯಾವ ಗೆರೆಗೆ ಯಾವ ಸ್ವರ ಅಂತ ತೋರಿಸೋ ಹಳೇ ಕ್ಲೆಫ್‌ಗಳನ್ನ ಪ್ರಿಂಟ್ ಮಾಡಿರ್ತಾರೆ ನೋಡಿ, ಅದನ್ನ ಬಿಟ್ಟು ಮುಂದಕ್ಕೆ ಹೋಗ್ಬೇಡಿ. ಒಳ್ಳೇ ಎಡಿಷನ್ ಆದ್ರೆ ಅದು ಇದ್ದೇ ಇರತ್ತೆ.

ನಾನು ಹವ್ಯಾಸಿ ಕ್ವಾಯರ್ ಒಂದರಲ್ಲಿ ಟೆನರ್ (ಗಂಡಸರ ಎತ್ತರದ ದನಿ), ಎಲ್ಲರಿಗೂ ಸ್ಕೋರ್ ರೆಡಿ ಮಾಡಿಕೊಡೋದೂ ನಾನೇ. ಈ ಮಾಸ್‌ನ ಮೊದಲ ಭಾಗ ಕೀರಿಯೆ ಹೇಗಿದೆ ಅಂದ್ರೆ ಡಿ ಸ್ವರ ಹಿಡಿದು ಮತ್ತೆ ಮತ್ತೆ ಅದನ್ನೇ ಹೇಳಿ, ಅಲ್ಲಿಂದ ಒಂದೇ ನೆಗೆತಕ್ಕೆ ಮೇಲಿನ ಜಿ, ಆಮೇಲೆ ಮೆಟ್ಟಿಲಿಳಿದ ಹಾಗೆ ಒಂದೊಂದೇ ಸ್ವರ ಕೆಳಗೆ. ಬರೆದಿರೋ ಶ್ರುತಿಯಲ್ಲೇ ಹಾಡಿದಾಗ ನಮ್ಮ ಸೊಪ್ರಾನೋಗಳು (ಹೆಂಗಸರ ಎತ್ತರದ ದನಿ) ಆ ಜಿ ಹಿಡಿಯೋಕೆ ಗಂಟಲು ಬಿಗಿ ಮಾಡ್ತಿದ್ರು, ಟೆನರ್‌ಗಳ ಕಥೆಯೂ ಅದೇ, ಸ್ವರ ಬರ್ತಿತ್ತು ಆದ್ರೆ ಮಾತು ಕೇಳ್ತಿರಲಿಲ್ಲ.

ಈ ಮಾಸ್‌ಗೆ ಮಾತು ಕೇಳೋದೇ ಮುಖ್ಯ. ಎರಡನೇ ಮಾರ್ಚೆಲ್ಲುಸ್ 1555ರಲ್ಲಿ ಪೋಪ್ ಆಗಿದ್ದು ಬರೀ ಮೂರು ವಾರ, ಅಷ್ಟರಲ್ಲೇ ಶುಭ ಶುಕ್ರವಾರದ ದಿನ ಗಾಯಕರನ್ನ ಕರೆದು ಪದಗಳು ಸ್ಪಷ್ಟವಾಗಿ ಕೇಳೋ ಹಾಗೆ ಹಾಡಿ ಅಂದಿದ್ರು. ಮಾಸ್ ಅಚ್ಚಾಗಿದ್ದು 1567ರಲ್ಲಿ. ಕ್ಯಾಥೊಲಿಕ್ ಚರ್ಚಿನ ಟ್ರೆಂಟ್ ಕೌನ್ಸಿಲ್ ಸಭೆ ಬಹುದನಿ ಸಂಗೀತವನ್ನೇ ಬ್ಯಾನ್ ಮಾಡೋದ್ರಲ್ಲಿತ್ತು, ಇದು ಬಂದು ಉಳಿಸ್ತು ಅನ್ನೋ ಕಥೆ 1828ರಲ್ಲಿ ಬಾಯಿನಿ ಬರೆದ ಪಾಲೆಸ್ತ್ರೀನಾನ ಜೀವನಚರಿತ್ರೆಯಿಂದ ಇನ್ನೂ ಹರಡ್ತು, ಇವತ್ತಿನ ವಿದ್ವಾಂಸರು ಅದನ್ನ ಒಪ್ಪಲ್ಲ. ಆದ್ರೂ ಗ್ಲೋರಿಯಾ, ಕ್ರೇದೋ ಭಾಗಗಳನ್ನ ತೆಗೆದು ನೋಡಿ, 6 ದನಿಗಳಲ್ಲಿ ಒಂದಷ್ಟು ಸೇರಿಕೊಂಡು ಒಂದೇ ಅಕ್ಷರವನ್ನ ಒಟ್ಟಿಗೇ ಹೇಳ್ತವೆ, ಲ್ಯಾಟಿನ್ ಅಷ್ಟು ಚೆನ್ನಾಗಿ ಕೇಳತ್ತೆ.

ಇನ್ನು ಕ್ಲೆಫ್ ವಿಷಯ. ಆಗಿನವರು ಐದು ಗೆರೆ ಬಿಟ್ಟು ಆಚೆ ಬರೆಯೋದನ್ನ ಆದಷ್ಟು ತಪ್ಪಿಸ್ತಿದ್ರು, ಹಾಗಾಗಿ ಕ್ಲೆಫ್‌ಗಳದ್ದು ಎರಡು ಸೆಟ್, ಒಂದು ಮಾಮೂಲಿ, ಇನ್ನೊಂದು ಎತ್ತರದ್ದು. ಎತ್ತರದ್ದಕ್ಕೆ ಕಿಯಾವೆಟ್ಟೆ ಅಂತಾರೆ. ಎಲ್ಲಾ ದನಿಗೂ ಅದೇ ಸೆಟ್ ಇದ್ರೆ ಒಂದು ಫೋರ್ತ್ ಅಥವಾ ಒಂದು ಫಿಫ್ತ್ (ಶುರುವಿನ ಸ್ವರವೂ ಸೇರಿ ಎಣಿಸಿದ್ರೆ ಕೆಳಗಿನ ನಾಲ್ಕನೇ ಅಥವಾ ಐದನೇ ಸ್ವರಕ್ಕೆ) ಇಳಿಸಿ ಹಾಡೋ ರೂಢಿ ಇತ್ತು, 1619ರಲ್ಲಿ ಜರ್ಮನ್ ಸಂಗೀತಗಾರ ಪ್ರಿಟೋರಿಯುಸ್ ಇದನ್ನ ನಿಯಮದ ಥರ ಬರೆದಿಟ್ಟಿದ್ದಾನೆ. ಯಾವಾಗಲೂ ಇಳಿಸ್ಲೇಬೇಕಿತ್ತಾ ಅನ್ನೋದ್ರಲ್ಲಿ ವಿದ್ವಾಂಸರಲ್ಲಿ ಒಮ್ಮತ ಇಲ್ಲ. ನನ್ನ ಮಟ್ಟಿಗೆ ಹಾಡಿ ನೋಡಿದ್ಮೇಲೆ ಅನುಮಾನ ಉಳಿದಿಲ್ಲ.

ಮಾರ್ಚೆಲ್ಲಿ ಮಾಸ್ ಇರೋದು ಎತ್ತರದ ಕ್ಲೆಫ್‌ನಲ್ಲೇ. ಮ್ಯೂಸ್‌ಸ್ಕೋರ್ ಅನ್ನೋ ಸ್ವರಲಿಪಿ ಸಾಫ್ಟ್‌ವೇರ್‌ನಲ್ಲಿ ಎಲ್ಲಾ ದನಿಗಳನ್ನ ಒಂದು ಫೋರ್ತ್ ಇಳಿಸಿದೆ, ಮೇಲಿನ ಜಿ ಇದ್ದಿದ್ದು ಡಿ ಆಯ್ತು. ಇಳಿಸಿದ್ರೆ ಸಾಲಲ್ಲ, ಜನರನ್ನೂ ಜಾಗ ಬದಲಾಯಿಸ್ಬೇಕು, ಯಾಕಂದ್ರೆ ಆಲ್ಟುಸ್ ಸಾಲು (ಮೇಲಿನಿಂದ ಎರಡನೇದು) ಹೆಂಗಸರಿಗೆ ತುಂಬಾ ಕೆಳಗೆ ಬಂತು, ಅದು ಮೊದಲಿಂದ್ಲೂ ಗಂಡಸರು ಹಾಡ್ತಿದ್ದ ಸಾಲೇ. ಹಾಗಾಗಿ ನಾನೂ ಇನ್ನೊಬ್ಬ ಟೆನರೂ ಅಲ್ಲಿಗೆ ಹೋದ್ವಿ, ನಮ್ಮ ಆಲ್ಟೋಗಳು (ಹೆಂಗಸರ ಕೆಳದನಿ) ಸೊಪ್ರಾನೋ ಜೊತೆ ಸೇರಿ ಮೇಲಿನ ಸಾಲು ತಗೊಂಡ್ರು, ಬ್ಯಾರಿಟೋನ್‌ಗಳು (ಗಂಡಸರ ನಡುದನಿ) ಟೆನರ್ ಸಾಲಿಗೆ ಬಂದ್ರು.

ಬಣ್ಣವೇ ಬೇರೆ ಆಗೋಯ್ತು! ಆ ನೆಗೆತದಲ್ಲಿ ಯಾರೂ ದನಿ ಏರಿಸ್ತಿಲ್ಲ, ಒಬ್ಬರು ಹೇಳಿದ್ದನ್ನ ಮುಂದಿನವರು ಎತ್ತಿಕೊಳ್ಳೋದು ಕೇಳ್ತಿದೆ. ಬೇಸ್‌ಗಳಿಗೆ (ಗಂಡಸರ ಅತಿ ಕೆಳದನಿ) ಮಾತ್ರ ಕಷ್ಟ ಜಾಸ್ತಿ, ನಿಜವಾಗ್ಲೂ ಕೆಳಗೆ ಹೋಗೋ ಇಬ್ಬರಾದ್ರೂ ಬೇಕು. ಅಂಥವರು ಇಲ್ಲ ಅಂದ್ರೆ ಫೋರ್ತ್ ಬದಲು ಒಂದು ಟೋನ್ (ಒಂದು ಪೂರ್ಣ ಸ್ವರ) ಮಾತ್ರ ಇಳಿಸಿ ಸುಧಾರಿಸ್ಕೊಳ್ಳಿ, ತುಂಬಾ ಕ್ವಾಯರ್‌ಗಳು ಹಾಗೇ ಮಾಡ್ತವೆ. ಕೊನೆಯ ಭಾಗವಾದ ಎರಡನೇ ಆಗ್ನುಸ್ ದೇಯಿಗೆ 7 ದನಿ ಬೇಕು, ಅದನ್ನ ಕೊನೆಗಿಟ್ಕೊಳ್ಳಿ.