ಬರದ ಕಡತ: ತಾಲೂಕು ಕಚೇರಿಯಿಂದ ಕಂಡ ಕೇಂದ್ರ, ರಾಜ್ಯ, ಪಂಚಾಯಿತಿ

2023ರ ಮುಂಗಾರು ಕೈಕೊಟ್ಟಾಗ ನಾನು ಮಧ್ಯ ಕರ್ನಾಟಕದ ಮಳೆಯಾಶ್ರಿತ ತಾಲೂಕೊಂದರ ಕಚೇರಿಯಲ್ಲಿ ಶಿರಸ್ತೇದಾರನಾಗಿದ್ದೆ. ವಿಪತ್ತು ಪರಿಹಾರದ ಕಡತಗಳೆಲ್ಲ ನನ್ನ ಟಿಪ್ಪಣಿಯೊಂದಿಗೇ ತಹಶೀಲ್ದಾರರ ಮುಂದೆ ಹೋಗುತ್ತಿದ್ದವು. ಕೇಂದ್ರ ಮತ್ತು ರಾಜ್ಯದ ಜಟಾಪಟಿ ಎಂದು ಪತ್ರಿಕೆಗಳಲ್ಲಿ ಆ ವರ್ಷ ಪ್ರಕಟವಾದ ಸುದ್ದಿಗಳ ಬಹುಪಾಲು ನಮ್ಮ ಕಚೇರಿಗೆ ಒಂದೆರಡು ವಾರ ಮೊದಲೇ ಸುತ್ತೋಲೆಯ ರೂಪದಲ್ಲಿ ಬಂದಿರುತ್ತಿತ್ತು. ಮೇಲೆ ನಡೆಯುವ ಹಣದ ಜಗಳ ಕೆಳಗೆ ನಮೂನೆಗಳ ಕಾಲಂ ಆಗಿ ಇಳಿಯುತ್ತದೆ, ಆ ಕಾಲಂ ತುಂಬುವವರು ಗ್ರಾಮ ಆಡಳಿತ ಅಧಿಕಾರಿಗಳು ಎಂಬುದನ್ನು ಒಳಗಿನಿಂದ ಕಂಡವನಾಗಿ ಇದನ್ನು ಬರೆಯುತ್ತಿದ್ದೇನೆ.

ಆ ವರ್ಷ ಜೂನ್ ತಿಂಗಳಿನಲ್ಲಿ ಮಳೆ ತಡವಾಯಿತು, ಜುಲೈನಲ್ಲಿ ಸುರಿಯಿತು, ಆಗಸ್ಟ್‌ನಲ್ಲಿ ಪೂರ್ತಿ ಮಾಯವಾಯಿತು. ಜುಲೈ ಮಳೆಗೆ ಬಿತ್ತಿದ ಮೆಕ್ಕೆಜೋಳ, ಶೇಂಗಾ, ರಾಗಿ ಹೊಲಗಳು ರಸ್ತೆಯಿಂದ ನೋಡಿದವರಿಗೆ ಹಸಿರಾಗಿಯೇ ಕಾಣುತ್ತಿದ್ದವು. ಕೇಂದ್ರದ ಬರ ನಿರ್ವಹಣೆ ಕೈಪಿಡಿಯ ಪ್ರಕಾರ ಬರ ಘೋಷಿಸಲು ಮಳೆ ಕೊರತೆಯ ಅಂಕಿ ಮಾತ್ರ ಸಾಲದು. ಬಿತ್ತನೆಯಾದ ಪ್ರದೇಶ, ಮಣ್ಣಿನ ತೇವಾಂಶ, ಉಪಗ್ರಹ ಚಿತ್ರದಿಂದ ಅಳೆಯುವ ಹಸಿರಿನ ಸೂಚ್ಯಂಕ, ಜಲಾಶಯ ಮತ್ತು ಅಂತರ್ಜಲದ ಸ್ಥಿತಿ, ಇವುಗಳಲ್ಲಿ ಆಯ್ದ ಕೆಲವು ಸೂಚಕಗಳೂ ನಿಗದಿತ ಮಿತಿಗೆ ಇಳಿದಿರಬೇಕು. ಆ ಬಳಿಕ ಆಯ್ದ ಗ್ರಾಮಗಳಲ್ಲಿ ಹೊಲಕ್ಕೇ ಹೋಗಿ ಬೆಳೆಹಾನಿಯನ್ನು ದೃಢಪಡಿಸಬೇಕು. ಹೊಲ ಹಸಿರಾಗಿದ್ದು ಕಾಳು ಕಟ್ಟದಿದ್ದರೆ ಉಪಗ್ರಹಕ್ಕೆ ಏನು ಗೊತ್ತಾದೀತು? ಈ ಮಾನದಂಡಗಳನ್ನು ಸಡಿಲಿಸಬೇಕೆಂದು ರಾಜ್ಯ ಸರ್ಕಾರ ದೆಹಲಿಗೆ ಪತ್ರ ಬರೆದದ್ದು, ಮುಂದೆ ಬಂದ ಕೇಂದ್ರ ತಂಡಗಳಿಗೆ ಇದು ‘ಹಸಿರು ಬರ’ ಎಂದು ವಿವರಿಸಿದ್ದು ಈ ಕಾರಣಕ್ಕೆ. ಕೈಪಿಡಿ ಬರೆದವರಿಗೆ ರಾಜ್ಯಗಳು ಬರವನ್ನು ಉಬ್ಬಿಸಿ ಹೇಳುತ್ತವೆ ಎಂಬ ಅನುಮಾನವಿತ್ತು ಎಂದು ನನಗೆ ಅನ್ನಿಸುತ್ತದೆ; ಆ ಅನುಮಾನ ತೀರಾ ಆಧಾರವಿಲ್ಲದ್ದೂ ಅಲ್ಲ.

ಆಗಸ್ಟ್ ಕೊನೆಯಲ್ಲಿ ಕಂದಾಯ, ಕೃಷಿ ಮತ್ತು ತೋಟಗಾರಿಕೆ ಇಲಾಖೆಗಳು ಕೂಡಿ ನಡೆಸಿದ ಜಂಟಿ ಸಮೀಕ್ಷೆಯಲ್ಲಿ ನಾನೂ ಕೆಲವು ಗ್ರಾಮಗಳಿಗೆ ಹೋಗಿದ್ದೆ. ಒಂದು ಮೆಕ್ಕೆಜೋಳದ ಹೊಲದಲ್ಲಿ ಬೆಳೆ ಎದೆಯೆತ್ತರಕ್ಕೆ ನಿಂತಿತ್ತು. ಮೊಬೈಲ್ ಆ್ಯಪ್‌ನಲ್ಲಿ ಅಕ್ಷಾಂಶ ರೇಖಾಂಶದೊಂದಿಗೆ ತೆಗೆದ ಫೋಟೋ ನೋಡಿದರೆ ಸುಗ್ಗಿ ಚೆನ್ನಾಗಿದೆ ಎಂದೇ ಯಾರಾದರೂ ಹೇಳುತ್ತಿದ್ದರು. ಹೊಲದ ಯಜಮಾನರು ಒಂದು ತೆನೆ ಮುರಿದು, ಸಿಪ್ಪೆ ಸುಲಿದು ನನ್ನ ಕೈಗಿಟ್ಟರು. ಬುಡದಲ್ಲಿ ಅಲ್ಲೊಂದು ಇಲ್ಲೊಂದು ಕಾಳು, ಉಳಿದದ್ದೆಲ್ಲ ಬರಿಯ ಬೆಂಡು. “ಹೊರಗಿನ ಫೋಟೋ ಬ್ಯಾಡ ಸ್ವಾಮಿ, ಇದರ ಫೋಟೋ ಹೊಡೀರಿ,” ಎಂದರು. ಆ್ಯಪ್‌ನಲ್ಲಿ ಒಂದು ತಾಕಿಗೆ ಇಷ್ಟೇ ಚಿತ್ರ ಎಂಬ ಮಿತಿಯಿತ್ತು. ಕೃಷಿ ಇಲಾಖೆಯ ಸಹಾಯಕ ಅಧಿಕಾರಿಗಳು ಸುಲಿದ ತೆನೆಗಳನ್ನು ಸಾಲಾಗಿ ನೆಲದ ಮೇಲಿಟ್ಟು, ಹಿಂದೆ ಹೊಲ ಕಾಣುವಂತೆ ಒಂದೇ ಚಿತ್ರ ತೆಗೆಯುವ ಉಪಾಯ ಮಾಡಿದರು. ಯಾವ ಸುತ್ತೋಲೆಯಲ್ಲಿಯೂ ಇಲ್ಲದ ಆ ಕ್ರಮವನ್ನು ಮರುದಿನದಿಂದ ನಮ್ಮ ತಾಲೂಕಿನ ಎಲ್ಲ ತಂಡಗಳೂ ಅನುಸರಿಸಿದವು.

ಸೆಪ್ಟೆಂಬರ್ 13ರಂದು ರಾಜ್ಯ ಸರ್ಕಾರ 195 ತಾಲೂಕುಗಳನ್ನು ಬರಪೀಡಿತ ಎಂದು ಘೋಷಿಸಿತು. ಅವುಗಳಲ್ಲಿ 161 ತೀವ್ರ ಬರ, 34 ಸಾಧಾರಣ ಬರ. ಮುಂದಿನ ಎರಡು ಆದೇಶಗಳಲ್ಲಿ ಈ ಸಂಖ್ಯೆ 236 ತಾಲೂಕುಗಳ ಪೈಕಿ 223ಕ್ಕೆ ಏರಿತು. ತೀವ್ರ ಮತ್ತು ಸಾಧಾರಣ ಎಂಬ ಭೇದ ಕೇಳಲು ಸಣ್ಣದು. ಆದರೆ ರಾಷ್ಟ್ರೀಯ ವಿಪತ್ತು ಪರಿಹಾರ ನಿಧಿಯ, ಅಂದರೆ ಎನ್‌ಡಿಆರ್‌ಎಫ್‌ನ ಬಾಗಿಲು ತೆರೆಯುವುದು ತೀವ್ರ ಬರಕ್ಕೆ ಮಾತ್ರ. ಹೀಗಾಗಿ ಸಾಧಾರಣ ಪಟ್ಟಿಗೆ ಬಿದ್ದ ತಾಲೂಕುಗಳ ಜನಪ್ರತಿನಿಧಿಗಳಿಂದ ಜಿಲ್ಲಾಧಿಕಾರಿಗಳ ಮೇಲೆ, ಅವರಿಂದ ತಹಶೀಲ್ದಾರರ ಮೇಲೆ ಒತ್ತಡ ಬರುವುದು ಸಹಜವೇ ಆಗಿತ್ತು. ಮರುಸಮೀಕ್ಷೆ ಮಾಡಬಹುದೇ ಹೊರತು ಅಂಕಿ ತಿದ್ದಲಾಗದು, ಏಕೆಂದರೆ ಅದೇ ಮಳೆ ಮಾಪನದ ದತ್ತಾಂಶ ಬೆಂಗಳೂರಿನ ನೈಸರ್ಗಿಕ ವಿಕೋಪ ಉಸ್ತುವಾರಿ ಕೇಂದ್ರದಲ್ಲಿಯೂ ಇರುತ್ತದೆ.

ಸೆಪ್ಟೆಂಬರ್‌ನಲ್ಲಿಯೇ ರಾಜ್ಯ ಕೇಂದ್ರಕ್ಕೆ ಮನವಿ ಸಲ್ಲಿಸಿತು. ಅಕ್ಟೋಬರ್ ಮೊದಲ ವಾರದಲ್ಲಿ ಅಂತರ ಸಚಿವಾಲಯ ತಂಡ ಬಂದು ನೋಡಿಕೊಂಡು ಹೋಯಿತು. ಪರಿಷ್ಕರಿಸಿದ ಮನವಿಯ ಮೊತ್ತ 18,171.44 ಕೋಟಿ ರೂಪಾಯಿ. ಇದನ್ನು ಬಿಡಿಸಿ ನೋಡಿದವರು ಕಡಿಮೆ. ಬೆಳೆಹಾನಿಗೆ ರೈತರಿಗೆ ಕೊಡುವ ಇನ್‌ಪುಟ್ ಸಬ್ಸಿಡಿಗೆ 4,663.12 ಕೋಟಿ, ಕುಡಿಯುವ ನೀರಿಗೆ 566.78 ಕೋಟಿ, ಜಾನುವಾರುಗಳಿಗೆ 363.68 ಕೋಟಿ, ಉಳಿದ 12,577.86 ಕೋಟಿ ಜೀವನೋಪಾಯ ಕಳೆದುಕೊಂಡ ಕುಟುಂಬಗಳ ತುರ್ತು ಪರಿಹಾರಕ್ಕೆ. ಇಡೀ ವ್ಯಾಜ್ಯದ ತಿರುಳು ಈ ಕೊನೆಯ ಬಾಬಿನಲ್ಲಿತ್ತು. ಬೆಳೆ ಹೋದ ಹೊಲವನ್ನು ತೋರಿಸಬಹುದು, ಆದರೆ ಕೂಲಿ ಹೋದ ಮನೆಯನ್ನು ಯಾವ ಫೋಟೋದಲ್ಲಿ ತೋರಿಸುವುದು? ನಿಯಮದಲ್ಲಿ ಅವಕಾಶವಿದೆ ಎಂಬುದು ರಾಜ್ಯದ ವಾದವಾಗಿತ್ತು, ಮತ್ತು ನನ್ನ ತಿಳಿವಳಿಕೆಯಲ್ಲಿ ಆ ವಾದ ಸರಿಯಾಗಿಯೇ ಇತ್ತು.

ನಮ್ಮ ಕಚೇರಿಯನ್ನು ನೇರವಾಗಿ ತಟ್ಟಿದ್ದು ಮಾತ್ರ ಇನ್ನೊಂದು ತಕರಾರು. ಸಣ್ಣ ಮತ್ತು ಅತಿಸಣ್ಣ ರೈತರ ಪ್ರಮಾಣ ಎಷ್ಟು ಎಂಬುದಕ್ಕೆ ಕೇಂದ್ರ 2015–16ರ ಕೃಷಿ ಗಣತಿಯನ್ನು ಹಿಡಿಯುತ್ತಿತ್ತು. ಆಮೇಲೆ ಎಷ್ಟೋ ಹಿಡುವಳಿಗಳು ಅಣ್ಣತಮ್ಮಂದಿರ ಪಾಲಾಗಿ ಚಿಕ್ಕದಾಗಿವೆ, ಆದ್ದರಿಂದ ರೈತರನ್ನು ಅವರ ಜಮೀನಿನೊಂದಿಗೆ ನೋಂದಾಯಿಸುವ ರಾಜ್ಯದ ‘ಫ್ರೂಟ್ಸ್’ ತಂತ್ರಾಂಶದ ದತ್ತಾಂಶವನ್ನು ಒಪ್ಪಬೇಕು ಎಂದು ರಾಜ್ಯ ಪಟ್ಟು ಹಿಡಿಯಿತು. ಪಟ್ಟು ಹಿಡಿಯಬೇಕಾದರೆ ಫ್ರೂಟ್ಸ್ ಪೂರ್ಣವಾಗಿರಬೇಕಲ್ಲ? ಎಲ್ಲ ಸರ್ವೆ ನಂಬರುಗಳನ್ನೂ ಫ್ರೂಟ್ಸ್ ಐಡಿಗೆ ಜೋಡಿಸುವ ಆಂದೋಲನ ನವೆಂಬರ್‌ನಲ್ಲಿ ಶುರುವಾಯಿತು. ಗ್ರಾಮ ಆಡಳಿತ ಅಧಿಕಾರಿಗಳು ಪಹಣಿ ಹಿಡಿದು ಮನೆಮನೆಗೆ ಹೋದರು, ರೈತ ಸಂಪರ್ಕ ಕೇಂದ್ರದವರು ಸಂಜೆಯ ತನಕ ಗಣಕಯಂತ್ರದ ಮುಂದೆ ಕುಳಿತರು, ಪಂಚಾಯಿತಿಯವರು ಡಂಗುರ ಸಾರಿಸಿದರು. ಅಲ್ಲಿ ಎದುರಾದ ದೊಡ್ಡ ಅಡ್ಡಿ ಪೌತಿ ಖಾತೆಯದು, ಅಂದರೆ ತೀರಿಕೊಂಡವರ ಜಮೀನನ್ನು ವಾರಸುದಾರರ ಹೆಸರಿಗೆ ಮಾಡಿಸುವುದರದು. ತಾತ ತೀರಿಕೊಂಡು ಎಷ್ಟೋ ವರ್ಷಗಳಾಗಿದ್ದರೂ ಪಹಣಿ ಅವರ ಹೆಸರಿನಲ್ಲಿಯೇ ಇರುವ ಜಮೀನುಗಳಿಗೆ ಐಡಿ ಮಾಡಲು ಸಾಧ್ಯವಿಲ್ಲ. ಉಳುವವರು ಮೊಮ್ಮಕ್ಕಳು, ದಾಖಲೆಯಲ್ಲಿ ರೈತರೇ ಇಲ್ಲ. ಒಪ್ಪಂದಕ್ಕೆ ಬಂದ ಕುಟುಂಬಗಳ ಖಾತೆಗಳನ್ನು ನಾಡಕಚೇರಿಯಲ್ಲಿ ತ್ವರಿತವಾಗಿ ಮಾಡಿಸಿದೆವು. ಅಣ್ಣತಮ್ಮಂದಿರು ಮಾತುಬಿಟ್ಟ ಮನೆಗಳಲ್ಲಿ ಅದೂ ಆಗಲಿಲ್ಲ.

ಕುಡಿಯುವ ನೀರಿನ ವಿಷಯದಲ್ಲಿ ಚಿತ್ರ ಬೇರೆ. ಟ್ಯಾಂಕರ್‌ಗೆ ಮತ್ತು ಬಾಡಿಗೆ ಕೊಳವೆಬಾವಿಗೆ ಹಣ ಕೊಡುವುದು ತಹಶೀಲ್ದಾರರು, ವಿಪತ್ತು ನಿಧಿಯಿಂದ. ನೀರು ಹಂಚುವುದು ಪಂಚಾಯಿತಿ. ಎಲ್ಲಿ ಕೊರೆಯಬೇಕೆಂದು ಹೇಳುವುದು ಗ್ರಾಮೀಣ ಕುಡಿಯುವ ನೀರು ಇಲಾಖೆಯ ಎಂಜಿನಿಯರು. ಆದ್ಯತೆ ನಿಗದಿ ಮಾಡುವುದು ಶಾಸಕರ ಅಧ್ಯಕ್ಷತೆಯ ಕಾರ್ಯಪಡೆ. ತಾಲೂಕು ಮತ್ತು ಜಿಲ್ಲಾ ಪಂಚಾಯಿತಿಗಳ ಅವಧಿ 2021ರಲ್ಲಿ ಮುಗಿದ ಮೇಲೆ ಚುನಾವಣೆಯೇ ನಡೆದಿರಲಿಲ್ಲವಾದ್ದರಿಂದ ಶಾಸಕರಿಗೂ ಗ್ರಾಮ ಪಂಚಾಯಿತಿ ಸದಸ್ಯರಿಗೂ ನಡುವೆ ಚುನಾಯಿತರೆಂಬವರು ಯಾರೂ ಇರಲಿಲ್ಲ; ಹಳ್ಳಿಯ ದೂರು ನೇರವಾಗಿ ವಿಧಾನಸೌಧದ ಮಟ್ಟಕ್ಕೆ ಹೋಗಿ ಅಲ್ಲಿಂದ ನಮ್ಮ ಮೇಲೆ ಬೀಳುತ್ತಿತ್ತು. ಪಂಚಾಯಿತಿ ಅಭಿವೃದ್ಧಿ ಅಧಿಕಾರಿಗಳ, ಅಂದರೆ ಪಿಡಿಓಗಳ ಅಳಲು ಬೇರೆಯೇ. 15ನೇ ಹಣಕಾಸು ಆಯೋಗದ ಅನುದಾನದಲ್ಲಿ ಶೇಕಡ 60ರಷ್ಟು ನೀರು ಮತ್ತು ನೈರ್ಮಲ್ಯಕ್ಕೇ ಮೀಸಲಾಗಿತ್ತು, ಜಲಜೀವನ್ ಮಿಷನ್ನಿನಲ್ಲಿ ಮನೆಮನೆಗೆ ನಲ್ಲಿಯೂ ಬಂದಿತ್ತು, ಆದರೆ ನೀರಿನ ಮೂಲವೇ ಬತ್ತಿದಾಗ ನಲ್ಲಿ ಏನು ಮಾಡೀತು? ಪಂಚಾಯಿತಿಯ ವಿದ್ಯುತ್ ಬಾಕಿಗಾಗಿ ಪಂಪ್‌ಸೆಟ್ಟಿನ ಸಂಪರ್ಕ ಕಡಿತಗೊಳಿಸುವ ನೋಟಿಸು ಬರದ ನಡುವೆಯೂ ಬಂದಿತ್ತು.

ಇಲ್ಲಿ ಕೆಲಸ ನಡೆದದ್ದು ಆದೇಶಗಳಿಂದಲ್ಲ. ಪ್ರತಿ ಸೋಮವಾರ ತಾಲೂಕು ಪಂಚಾಯಿತಿಯ ಕಾರ್ಯನಿರ್ವಾಹಕ ಅಧಿಕಾರಿಗಳು, ಎಂಜಿನಿಯರು ಮತ್ತು ನಾನು ಕುಳಿತು ಒಂದೇ ಪಟ್ಟಿ ಮಾಡುತ್ತಿದ್ದೆವು. ಟ್ಯಾಂಕರ್ ಲಾಗ್ ಪುಸ್ತಕಕ್ಕೆ ನೀರುಗಂಟಿಯ ಜೊತೆಗೆ ಆ ಬೀದಿಯ ಒಬ್ಬ ಮಹಿಳೆಯ ಸಹಿಯೂ ಇರಬೇಕು ಎಂದು ಮಾಡಿದೆವು. ಜಿಪಿಎಸ್ ದಾಖಲೆ ಟ್ಯಾಂಕರ್ ಊರಿಗೆ ಬಂದದ್ದನ್ನು ಹೇಳುತ್ತದೆ, ನೀರು ಯಾವ ಬೀದಿಗೆ ಇಳಿಯಿತು ಎಂಬುದನ್ನು ಹೇಳುವುದಿಲ್ಲ. ಬಿಲ್ಲು ತಡವಾದರೆ ಟ್ಯಾಂಕರ್ ಮಾಲೀಕರು ನಿಲ್ಲಿಸುತ್ತಾರೆಂಬ ಭಯವಿದ್ದುದರಿಂದ, ಈ ಎರಡೂ ದಾಖಲೆ ಹೊಂದಿದ ಬಿಲ್ಲುಗಳನ್ನು ಹದಿನೈದು ದಿನಕ್ಕೊಮ್ಮೆ ಪಾವತಿಸಿದೆವು.

ಉದ್ಯೋಗ ಖಾತರಿಯಲ್ಲಿ ನೂರು ದಿನ ಮುಗಿಸಿದ ಕುಟುಂಬಗಳಿಗೆ ಬರದ ಕಾರಣಕ್ಕೆ ಇನ್ನೂ 50 ದಿನ ಕೊಡಬೇಕೆಂದು ರಾಜ್ಯ ಕೇಳಿತ್ತು. ಅದಕ್ಕೆ ದೆಹಲಿಯ ಅನುಮತಿ ಬೇಕಿತ್ತು. ಅದು ಬಾರದೆ ಕೂಲಿಕಾರರು ಪಂಚಾಯಿತಿಯ ಮುಂದೆ ನಿಂತಾಗ ಪಿಡಿಓ ಬಳಿ ಕೊಡಲು ಉತ್ತರವಿರಲಿಲ್ಲ.

ಕೇಂದ್ರದ ಹಣ ತಡವಾದಾಗ ರಾಜ್ಯ ತನ್ನ ಬೊಕ್ಕಸದಿಂದ ಪ್ರತಿ ರೈತರಿಗೆ ಗರಿಷ್ಠ 2,000 ರೂಪಾಯಿಯ ಮೊದಲ ಕಂತು ನೀಡಿತು. ಮಾರ್ಚ್ 2024ರಲ್ಲಿ ಸುಪ್ರೀಂ ಕೋರ್ಟಿಗೂ ಹೋಯಿತು. ಕೇಂದ್ರ ತಂಡದ ವರದಿ ಬಂದ ಒಂದು ತಿಂಗಳೊಳಗೆ ತೀರ್ಮಾನವಾಗಬೇಕಿತ್ತು ಎಂಬುದು ಅದರ ಮುಖ್ಯ ದೂರು. ವಿಪತ್ತು ನಿರ್ವಹಣೆ ಎಂಬ ವಿಷಯ ಸಂವಿಧಾನದ ಏಳನೇ ಅನುಸೂಚಿಯ ಮೂರು ಪಟ್ಟಿಗಳಲ್ಲಿ ಎಲ್ಲಿಯೂ ಹೆಸರಿಟ್ಟು ನಮೂದಾಗಿಲ್ಲ. ಹೊಣೆ ಯಾರದೆಂಬ ಪ್ರಶ್ನೆ ಪ್ರತಿ ಬರದಲ್ಲಿಯೂ ಹೊಸದಾಗಿ ಏಳುವುದಕ್ಕೆ ಇದೂ ಒಂದು ಕಾರಣ ಎಂದು ನನ್ನ ಅಭಿಪ್ರಾಯ. ನ್ಯಾಯಾಲಯ ಕೇಂದ್ರ ಮತ್ತು ರಾಜ್ಯಗಳ ನಡುವೆ ಪೈಪೋಟಿ ಬೇಡವೆಂದು ಹೇಳಿತು. ಲೋಕಸಭಾ ಚುನಾವಣೆಯ ನೀತಿಸಂಹಿತೆ ಜಾರಿಯಲ್ಲಿದ್ದ ಕಾರಣ ಚುನಾವಣಾ ಆಯೋಗದ ಒಪ್ಪಿಗೆ ಪಡೆದು, ಏಪ್ರಿಲ್ ಕೊನೆಯಲ್ಲಿ ಕೇಂದ್ರ ಸುಮಾರು 3,454 ಕೋಟಿ ರೂಪಾಯಿ ಬಿಡುಗಡೆ ಮಾಡಿತು.

ಮೇ ತಿಂಗಳಿನಲ್ಲಿ ಮೊದಲ ಕಂತನ್ನು ಕಳೆದು ಉಳಿದ ಹಣ ರೈತರ ಖಾತೆಗೆ ಜಮೆಯಾಯಿತು. ಮಳೆಯಾಶ್ರಿತ ಬೆಳೆಗೆ ಹೆಕ್ಟೇರಿಗೆ 8,500 ರೂಪಾಯಿ, ಗರಿಷ್ಠ ಎರಡು ಹೆಕ್ಟೇರ್. ಗುಂಟೆಗೆ ಲೆಕ್ಕ ಹಾಕಿದರೆ ಸುಮಾರು 86 ರೂಪಾಯಿ. ಪಟ್ಟಿಯನ್ನು ಗ್ರಾಮ ಪಂಚಾಯಿತಿಯ ಫಲಕದ ಮೇಲೆ ಅಂಟಿಸಿದ ದಿನದಿಂದ ನಮ್ಮ ಕಚೇರಿಯಲ್ಲಿ ಸಾಲು ನಿಂತಿತು. ಕೆಲವರ ಆಧಾರ್ ಬೇರೆ ಬ್ಯಾಂಕಿಗೆ ಜೋಡಣೆಯಾಗಿತ್ತು, ಕೆಲವರ ಬೆಳೆಯನ್ನು ಸಮೀಕ್ಷೆಯಲ್ಲಿ ತಪ್ಪಾಗಿ ನಮೂದಿಸಲಾಗಿತ್ತು, ಕೆಲವರ ಹಣವನ್ನು ಬ್ಯಾಂಕು ಹಳೆಯ ಸಾಲಕ್ಕೆ ಜಮಾ ಮಾಡಿಕೊಂಡಿತ್ತು. ಹಾಗೆ ಮಾಡಕೂಡದೆಂಬ ಸರ್ಕಾರದ ಸೂಚನೆಯ ಪ್ರತಿಯನ್ನು ಹಿಡಿದು ನಾನೇ ಒಂದು ಶಾಖೆಗೆ ಹೋದಾಗ, ಅಲ್ಲಿನ ವ್ಯವಸ್ಥಾಪಕರು ತಮಗೆ ಅನ್ವಯಿಸುವ ಆದೇಶ ತಮ್ಮ ಮುಖ್ಯ ಕಚೇರಿಯಿಂದ ಬರಬೇಕೆಂದರು. ಜಿಲ್ಲಾಧಿಕಾರಿಗಳು ಲೀಡ್ ಬ್ಯಾಂಕ್ ಸಭೆ ಕರೆದು ಮಾತಾಡಿದ ಮೇಲೆ ಬಹುತೇಕರ ಹಣ ಖಾತೆಗೆ ವಾಪಸಾಯಿತು. ಆಧಾರ್ ಜೋಡಣೆಯ ಪ್ರಕರಣಗಳು ಸೇವಾ ಕೇಂದ್ರಗಳಲ್ಲಿ ಒಂದೊಂದಾಗಿ ತೀರಿದವು. ಪೌತಿ ಖಾತೆಯಾಗದೆ ಹೊರಗುಳಿದವರ ಅರ್ಜಿಗಳನ್ನು ಪ್ರತ್ಯೇಕ ಕಡತ ಮಾಡಿ, ಗ್ರಾಮವಾರು ವಿಂಗಡಿಸಿ, ನನ್ನ ನಂತರ ಬಂದವರಿಗೆ ಪ್ರಭಾರದ ಪಟ್ಟಿಯಲ್ಲಿ ಬರೆದು ಒಪ್ಪಿಸಿದೆ.