ಕೂಲ್‌ಡೌನ್ ಎಷ್ಟಿಡಬೇಕು: ನಮ್ಮ ಭಾನುವಾರದ ಕಸ್ಟಮ್ ಮ್ಯಾಚಿನ ಲೆಕ್ಕ

"ಮಾಮಾ, ನಂದು ಎರಡ್ನೂರು ಪರ್ಸೆಂಟ್ ಇಡ್ರಿ, ಭಾರಿ ಫಾಸ್ಟ್ ಆಗ್ತದ" ಅಂದ ಅಕ್ಕನ ಮಗ. ಇಟ್ಟೆ. ಎರಡು ನಿಮಿಷ ಆಗಿರಲಿಲ್ಲ, ಹೆಡ್‌ಸೆಟ್ ಕಿತ್ತು ಮಂಚದ ಮೇಲೆ ಒಗೆದ. ಅವನ ಹೀರೋ, ಅಂದರೆ ಆಡುವ ಪಾತ್ರ, ಗೆಂಜಿ. ಅವನಿಗೆ ಬಂದ ಗುಂಡು ತಿರುಗಿಸಿ ಹೊಡೆಯುವ ಡಿಫ್ಲೆಕ್ಟ್ ಅನ್ನುವ ಅಬಿಲಿಟಿ (ವಿಶೇಷ ಶಕ್ತಿ) ಇದೆ. ಅದು 8 ಸೆಕೆಂಡಿಗೆ ವಾಪಸ್ ಬರಬೇಕಾದದ್ದು 16 ಸೆಕೆಂಡ್ ತಗೊಳ್ತಿತ್ತು. ನನಗೆ ಗೊತ್ತಿತ್ತು, ಹೇಳಲಿಲ್ಲ. ಒಂದ್ಸಲ ಅನುಭವಿಸಲಿ ಅಂತ ಬಿಟ್ಟೆ.

ಓವರ್‌ವಾಚ್ ಅನ್ನುವ ಶೂಟಿಂಗ್ ಆಟದ ಕಸ್ಟಮ್ ಮ್ಯಾಚಿನಲ್ಲಿ, ಅಂದರೆ ನಿಯಮ ನಾವೇ ಇಡುವ ಮ್ಯಾಚಿನಲ್ಲಿ, ಕೂಲ್‌ಡೌನ್ (ಅಬಿಲಿಟಿ ಒಮ್ಮೆ ಬಳಸಿದ ಮೇಲೆ ಮತ್ತೆ ಸಿಗುವ ತನಕದ ಹೊತ್ತು) ಮುಟ್ಟುವವರು ಮೊದಲು ಎಡವುವುದೇ ಇಲ್ಲಿ. ಆ ಶೇಕಡಾ ವೇಗದ್ದಲ್ಲ, ಕಾಯುವ ಹೊತ್ತಿನದು. 100 ಅಂದರೆ ಆಟದಲ್ಲಿ ಇರುವಂತೆ. 50 ಅಂದರೆ ಅರ್ಧ ಹೊತ್ತು, 25 ಅಂದರೆ ಕಾಲು. 0 ಅಂದರೆ ಕಾಯುವುದೇ ಇಲ್ಲ. ಮೇಲೆ 500ರವರೆಗೂ ಹೋಗುತ್ತದೆ; ಆಗ ಡಿಫ್ಲೆಕ್ಟ್ ಒಮ್ಮೆ ಹೊಡೆದು 40 ಸೆಕೆಂಡ್ ಕೈಕಟ್ಟಿ ಕೂಡಬೇಕು. ನಾನು ದಾಲ್ ಮಿಲ್ಲಿನಲ್ಲಿ ಲೆಕ್ಕ ಬರೆಯುವವನು, ಇಂಥದ್ದು ನನಗೆ ತೊಡಕಲ್ಲ. ಆದರೆ ನಮ್ಮ ಮನೆಯಲ್ಲಿ ಆಡುವ ಐದು ಜನರಲ್ಲಿ ಮೂರು ಜನ ಇವತ್ತಿಗೂ ಸ್ಲೈಡರ್ ಬಲಕ್ಕೆಳೆದರೆ ಜೋರು ಅಂತಲೇ ತಿಳಿದಿದ್ದಾರೆ.

ಸೆಟ್ಟಿಂಗ್ ಸಿಗುವುದು ಹೀಗೆ. ಪ್ಲೇ ಒತ್ತಿ ಕಸ್ಟಮ್ ಗೇಮ್ಸ್‌ಗೆ ಹೋಗಿ ಕ್ರಿಯೇಟ್ ಮಾಡಿ. ಲಾಬಿ (ಆಡುವವರು ಬಂದು ಸೇರುವ ಪುಟ) ತೆರೆದ ಮೇಲೆ ಸೆಟ್ಟಿಂಗ್ಸ್, ಅದರೊಳಗೆ ಹೀರೋಸ್. ಅಲ್ಲಿ ಜನರಲ್ ಅಂತ ಒಂದಿದೆ, ಅದು ಎಲ್ಲ ಹೀರೋಗಳಿಗೂ ತಗಲುತ್ತದೆ. ಅದನ್ನು ಬಿಟ್ಟು ಒಬ್ಬೊಬ್ಬ ಹೀರೋ ಹೆಸರು ಒತ್ತಿದರೆ ಅವರವರ ಅಬಿಲಿಟಿಗಳು ಬೇರೆ ಬೇರೆ ಸಾಲಾಗಿ ಕಾಣುತ್ತವೆ: ಗೆಂಜಿಗೆ ಡಿಫ್ಲೆಕ್ಟ್ ಒಂದು, ಸ್ವಿಫ್ಟ್ ಸ್ಟ್ರೈಕ್ (ಮುನ್ನುಗ್ಗಿ ಕಡಿಯುವುದು) ಒಂದು, ಟ್ರೇಸರ್‌ಗೆ ಬ್ಲಿಂಕ್ (ಚಕ್ಕನೆ ಸ್ವಲ್ಪ ದೂರ ಜಿಗಿಯುವುದು) ಒಂದು, ರೀಕಾಲ್ ಒಂದು. ಕೂಲ್‌ಡೌನ್ ಟೈಮ್ ಅಂತ ಇರುವ ಸಾಲೇ ನಿಮಗೆ ಬೇಕಾದದ್ದು. ಜನರಲ್‌ನಲ್ಲಿ ಒಟ್ಟಿಗೆ ಬದಲಾಯಿಸುವ ಆಸೆ ಬರುತ್ತದೆ, ಮಾಡಬೇಡಿ. ಒಂದೇ ಸಂಖ್ಯೆ ಎಲ್ಲರಿಗೂ ಒಂದೇ ಥರ ಬಡಿಯುವುದಿಲ್ಲ. ಕಡಿಮೆ ಕೂಲ್‌ಡೌನ್ ಇರುವ ಹೀರೋಗೆ ಅರ್ಧ ಮಾಡಿದರೆ ಹುಚ್ಚೇ ಹಿಡಿಯುತ್ತದೆ, ಗುಂಡಿನ ಮೇಲೆಯೇ ಬದುಕುವ ಹೀರೋಗೆ ಗೊತ್ತೇ ಆಗುವುದಿಲ್ಲ.

ಇನ್ನೊಂದು, ಆ ಹೀರೋಸ್ ಪುಟದಲ್ಲೇ ಎರಡೂ ತಂಡಕ್ಕೋ, ಟೀಮ್ 1ಕ್ಕೆ ಮಾತ್ರವೋ, ಟೀಮ್ 2ಕ್ಕೆ ಮಾತ್ರವೋ ಅಂತ ಆರಿಸಬಹುದು. ಬಹಳ ಜನ ಇದನ್ನು ನೋಡುವುದೇ ಇಲ್ಲ. ನಮಗೆ ಮಾತ್ರ ಇದೇ ಬೇಕಾಗಿತ್ತು.

ಯಾಕೆ ಅಂತ ಹೇಳುತ್ತೇನೆ. ಏಪ್ರಿಲ್ ಬಂತೆಂದರೆ ಕಲಬುರಗಿಯಲ್ಲಿ ಮಧ್ಯಾಹ್ನ ಹನ್ನೆರಡರಿಂದ ಐದರ ತನಕ ಮನೆ ಬಿಟ್ಟು ಹೊರಗೆ ಕಾಲಿಡುವ ಹಾಗಿಲ್ಲ. ಬಿಸಿಲು 40 ದಾಟಿರುತ್ತದೆ, ಶಹಾಬಜಾರಿನ ನಮ್ಮ ಓಣಿಯಲ್ಲಿ ನಾಯಿ ಕೂಡ ಮೋರಿ ಪಕ್ಕ ಹೊಟ್ಟೆ ಹಚ್ಚಿ ಮಲಗಿರುತ್ತದೆ. ಭಾನುವಾರ ಊಟ ಮುಗಿಸಿ ಕೂಲರ್ ಎದುರು ಕೂತರೆ ನಾವು ಆಡುವುದೇ. ನನ್ನ ತಮ್ಮ ಟ್ರೇಸರ್, ಏಳೆಂಟು ವರ್ಷದ ಕೈ. ಅಕ್ಕನ ಮಗನಿಗೆ ಇನ್ನೂ ಹದಿನಾಲ್ಕು, ಗೆಂಜಿ ಹುಚ್ಚು. ಯಾದಗಿರಿಯ ಗೆಳೆಯನೊಬ್ಬ ಆನ್‌ಲೈನ್ ಬರುತ್ತಾನೆ, ಆನಾ ಅನ್ನುವ ಹೀರೋ ಹಿಡಿಯುತ್ತಾನೆ, ಅವನ ನೆಟ್ ನಡುನಡುವೆ ಹೋಗುತ್ತದೆ. ಸಮಬಲ ಅನ್ನುವುದು ಇಲ್ಲವೇ ಇಲ್ಲ. ನನ್ನ ತಮ್ಮ ಆ ಹುಡುಗನನ್ನು ಹತ್ತು ಸಲ ಹೊಡೆದರೆ ಹುಡುಗ ಒಂದು ಸಲ ತಿರುಗಿ ಹೊಡೆಯುತ್ತಿದ್ದ. ಅದೂ ನನ್ನ ತಮ್ಮ ಚಹಾ ಕುಡಿಯುವಾಗ.

ಮೊದಲು ನಾನು ಮಾಡಿದ್ದು ಎಲ್ಲರೂ ಮಾಡುವ ತಪ್ಪೇ. ಹುಡುಗನ ತಂಡಕ್ಕೆ ಡಿಫ್ಲೆಕ್ಟ್, ಸ್ವಿಫ್ಟ್ ಸ್ಟ್ರೈಕ್ ಎರಡೂ 0. ಒಂದು ವಾರ ಮನೆಯೆಲ್ಲ ನಗೆ. ಅವನು ಬಟನ್ ಬಿಡುತ್ತಲೇ ಇರಲಿಲ್ಲ, ಗೆಂಜಿ ಗೋಡೆಯಿಂದ ಗೋಡೆಗೆ ಹಾರಾಡುವ ನೊಣ ಆಗಿದ್ದ. ಮುಂದಿನ ವಾರ ಮಾಮೂಲಿ ಮ್ಯಾಚಿಗೆ ಹೋದ. ಎದುರಾಳಿ ಗುಂಪಿನ ನಡುವೆ ಸ್ವಿಫ್ಟ್ ಸ್ಟ್ರೈಕ್ ಹೊಡೆದು ನುಗ್ಗಿದ, ವಾಪಸ್ ಬರಲಿಕ್ಕೆ ಮತ್ತೆ ಅದೇ ಬಟನ್ ಒತ್ತಿದ. ಕೂಲ್‌ಡೌನ್ ಅಂಕಿ 7 ತೋರಿಸುತ್ತಿತ್ತು. ನಿಂತಲ್ಲೇ ಸತ್ತ. ಆ ಮ್ಯಾಚಿನಲ್ಲಿ ಇದೇ ಮೂರು ಸಲ. ಗೆಂಜಿ ಆಡುವುದೆಂದರೆ ಯಾರು ಸಾಯುವ ಹಂತದಲ್ಲಿದ್ದಾರೆ ಅಂತ ನೋಡಿ ನುಗ್ಗುವುದು, ಯಾಕೆಂದರೆ ಒಬ್ಬನನ್ನು ಉರುಳಿಸಿದರೆ ಸ್ವಿಫ್ಟ್ ಸ್ಟ್ರೈಕ್ ಅಲ್ಲೇ ವಾಪಸ್ ಸಿಗುತ್ತದೆ. 0 ಇಟ್ಟಾಗ ಅದನ್ನು ಕಲಿಯುವ ಅಗತ್ಯವೇ ಬೀಳುವುದಿಲ್ಲ. ಮೋಜಿಗೆ 0 ಇಡಿ, ಕಲಿಯುವವರ ಕೈಗೆ ಕೊಡಬೇಡಿ.

ಆಮೇಲೆ ಕೂತು ಲೆಕ್ಕ ಹಾಕಿದೆ. ಹುಡುಗನ ಡಿಫ್ಲೆಕ್ಟ್ 75, ಅಂದರೆ 6 ಸೆಕೆಂಡ್. ಸ್ವಿಫ್ಟ್ ಸ್ಟ್ರೈಕ್ 100ರಲ್ಲೇ ಬಿಟ್ಟೆ, ಅದು ಅವನೇ ಗಳಿಸಲಿ ಅಂತ. ತಮ್ಮನ ಬ್ಲಿಂಕ್ 125. ಬ್ಲಿಂಕ್ ಮೂರು ಕೂಡಿರುತ್ತವೆ, ಒಂದೊಂದು ತುಂಬಲಿಕ್ಕೆ 3 ಸೆಕೆಂಡ್. 125ಕ್ಕೆ ಅದು 3.75 ಆಗುತ್ತದೆ. ಮುಕ್ಕಾಲು ಸೆಕೆಂಡಲ್ವಾ, ಏನಾಗುತ್ತದೆ ಅನಿಸಬಹುದು. ಮೂರೂ ಖಾಲಿ ಮಾಡಿಕೊಂಡವನು ಪೂರ್ತಿ ತುಂಬಿಸಿಕೊಳ್ಳಲಿಕ್ಕೆ 9ರ ಬದಲು 11 ಸೆಕೆಂಡಿಗೂ ಮೇಲೆ ಕಾಯಬೇಕು. ತಮ್ಮ ಮೊದಲ ಅರ್ಧ ಗಂಟೆ "ಈ ಕೀಬೋರ್ಡ್ ಕೆಟ್ಟದ ನೋಡು" ಅಂತ ಬೈಯುತ್ತಲೇ ಇದ್ದ. ನಾನು ಸುಮ್ಮನೆ ಶೇಂಗಾ ತಿನ್ನುತ್ತಿದ್ದೆ.

ಸಂಖ್ಯೆ ಇಡುವ ಮುಂಚೆ ಆ ಹೀರೋನ ಈಗಿನ ಕೂಲ್‌ಡೌನ್ ಎಷ್ಟಿದೆ ನೋಡಿಕೊಳ್ಳಿ. ಪ್ಯಾಚ್ (ಆಟದ ಅಪ್‌ಡೇಟ್) ಬಂದಾಗಲೆಲ್ಲ ಬದಲಾಗುತ್ತಿರುತ್ತದೆ, ಹಳೆಯ ನೆನಪಿನ ಮೇಲೆ ಶೇಕಡಾ ಹಾಕಿದರೆ ಕೆಡುತ್ತದೆ. ಕಂಪ್ಯೂಟರಿನಲ್ಲಿ ಎಫ್1 ಒತ್ತಿದರೆ ಹೀರೋ ಮಾಹಿತಿ ತೆರೆಯುತ್ತದೆ. ಒಂದು ಸಲಕ್ಕೆ ಒಂದೇ ಅಬಿಲಿಟಿ ಬದಲಾಯಿಸಿ ಎರಡು ಮ್ಯಾಚ್ ಆಡಿ; ನಾಲ್ಕು ಒಟ್ಟಿಗೆ ತಿರುಗಿಸಿದರೆ ಯಾವುದರಿಂದ ಏನಾಯಿತು ಅಂತ ತಿಳಿಯುವುದಿಲ್ಲ. ಆಟ ನಡೆದಾಗ ಬದಲಾಯಿಸಿದ್ದರೆ ರೀಸ್ಟಾರ್ಟ್ ಕೊಡಿ.

ಕೂಲ್‌ಡೌನ್ ಸಾಲು ಹುಡುಕಿ ಸಿಗದೆ ತಲೆ ಕೆಡಿಸಿಕೊಳ್ಳುವ ಅಬಿಲಿಟಿಗಳೂ ಇವೆ. ಡಿ.ವಾಳ ಡಿಫೆನ್ಸ್ ಮ್ಯಾಟ್ರಿಕ್ಸ್ ಮೀಟರ್ ಮೇಲೆ ನಡೆಯುತ್ತದೆ, ಬಳಸಿದಷ್ಟು ಖಾಲಿ, ಬಿಟ್ಟಷ್ಟು ಭರ್ತಿ, ನಮ್ಮ ಮೇಲಿನ ನೀರಿನ ಟ್ಯಾಂಕಿನ ಹಾಗೆ. ಅದಕ್ಕೆ ರೀಚಾರ್ಜ್ ರೇಟ್ ಅಂತ ಬೇರೆ ಸಾಲಿದೆ, ಮತ್ತು ಅಲ್ಲಿ ಶೇಕಡಾ ಉಲ್ಟಾ: ಹೆಚ್ಚಿಸಿದರೆ ಬೇಗ ತುಂಬುತ್ತದೆ. ಮೊಯಿರಾಳ ಬಯೋಟಿಕ್ ಎನರ್ಜಿಯೂ ಇದೇ ಜಾತಿ. ಅಕ್ಕನ ಮಗ ಇದನ್ನು ನೋಡಿ "ಮತ್ತ ನಾ ಅವತ್ತು ಹೇಳಿದ್ದು ಖರೆ ಇತ್ತಲ್ಲ ಮಾಮಾ" ಅಂದ. ಅಷ್ಟರ ಮಟ್ಟಿಗೆ ಖರೆ.

ಅಲ್ಟಿಮೇಟ್ ಅಂದರೆ ಮೀಟರ್ ತುಂಬಿದಾಗ ಸಿಗುವ ಹೀರೋನ ದೊಡ್ಡ ಅಬಿಲಿಟಿ. ಅದಕ್ಕೂ ಕೂಲ್‌ಡೌನ್‌ಗೂ ನೇರ ಸಂಬಂಧವಿಲ್ಲ, ಅದು ಅಲ್ಟಿಮೇಟ್ ಜನರೇಷನ್ ಅನ್ನುವ ಬೇರೆ ಲೆಕ್ಕ. ಆದರೆ ಹಿಂಬಾಗಿಲಿನಿಂದ ಸಂಬಂಧ ಇದೆ. ಅಬಿಲಿಟಿ ಬೇಗ ಬೇಗ ಬಂದರೆ ಹೊಡೆತ ಹೆಚ್ಚು, ಆರೈಕೆ ಹೆಚ್ಚು. ಮುಖ್ಯವಾಗಿ ಅವೆರಡರಿಂದ ಅಲ್ಟಿಮೇಟ್ ತುಂಬುವುದು. ಕೂಲ್‌ಡೌನ್ 50ಕ್ಕೆ ಇಳಿಸಿ ಇದನ್ನು ಮುಟ್ಟದೆ ಬಿಟ್ಟರೆ ಮ್ಯಾಚ್ ತುಂಬ ಅಲ್ಟಿಮೇಟಿನ ಕೂಗಾಟವೇ ಆಗುತ್ತದೆ. ನಾನು ಅಂಥ ಹೊತ್ತಿನಲ್ಲಿ ಜನರೇಷನ್ 70ರ ಆಸುಪಾಸು ಇಡುತ್ತೇನೆ.

ಸೆಕೆಂಡಿನಲ್ಲೇ ಹಿಡಿತ ಬೇಕು ಅನ್ನುವವರಿಗೆ ಆಟದೊಳಗೇ ನಮ್ಮ ರೂಲ್ ನಾವೇ ಬರೆಯುವ ವರ್ಕ್‌ಶಾಪ್ ಇದೆ. 2019ರಲ್ಲಿ ಬಂದದ್ದು. ಹೊಸ ರೂಲ್ ಮಾಡಿ, ಇವೆಂಟ್ ಜಾಗದಲ್ಲಿ ‘ಪ್ಲೇಯರ್ ಡೆಲ್ಟ್ ಫೈನಲ್ ಬ್ಲೋ’ ಆರಿಸಿ, ಆ್ಯಕ್ಷನ್ ಜಾಗದಲ್ಲಿ ‘ಸೆಟ್ ಅಬಿಲಿಟಿ ಕೂಲ್‌ಡೌನ್’. ಅದು ಮೂರು ಕೇಳುತ್ತದೆ. ಯಾರಿಗೆ: ‘ಇವೆಂಟ್ ಪ್ಲೇಯರ್’. ಯಾವ ಬಟನ್: ‘ಅಬಿಲಿಟಿ 1’, ಅಂದರೆ ಕೀಬೋರ್ಡಿನ ಶಿಫ್ಟ್, ‘ಅಬಿಲಿಟಿ 2’ ಅಂದರೆ ಇ. ಎಷ್ಟು: ಸೆಕೆಂಡಿನಲ್ಲಿ ಒಂದು ಸಂಖ್ಯೆ. ಇಲ್ಲಿ 0 ಹಾಕಿದರೆ ಕೊನೆಯ ಏಟು ಕೊಟ್ಟವನಿಗೆ, ಅವನು ಯಾವ ಹೀರೋ ಆಗಿರಲಿ, ಶಿಫ್ಟ್ ಅಬಿಲಿಟಿ ತಕ್ಷಣ ಸಿಗುತ್ತದೆ. ಗೆಂಜಿಯ ಗುಣ ಎಲ್ಲರಿಗೂ ಹಂಚಿದ ಹಾಗೆ. ನಮ್ಮ ಮನೆಯಲ್ಲಿ ಅತಿ ಹೆಚ್ಚು ಆಡಿದ್ದು ಈ ಒಂದೇ ರೂಲಿನ ಮ್ಯಾಚನ್ನು.

ಇಷ್ಟೆಲ್ಲ ಮಾಡಿದ ಮೇಲೆ ಪ್ರೀಸೆಟ್ (ಇಟ್ಟ ಸೆಟ್ಟಿಂಗ್‌ಗಳ ನಕಲು) ಉಳಿಸಿಕೊಳ್ಳದೆ ಎದ್ದರೆ ನನ್ನ ಗತಿ ನಿಮ್ಮದೂ. ಮೇ ತಿಂಗಳ ಒಂದು ಭಾನುವಾರ ಹನ್ನೆರಡು ಹೀರೋಗಳಿಗೆ ಒಂದೊಂದಾಗಿ ಸಂಖ್ಯೆ ಕೂಡಿಸಿದ್ದೆ. ಸ್ಟಾರ್ಟ್ ಒತ್ತುವ ಮುಂಚೆ ಕರೆಂಟ್ ಹೋಯಿತು. ಕೂಲರ್ ನಿಂತಿತು, ಮೂರೂ ಸ್ಕ್ರೀನ್ ಕಪ್ಪಾದವು. ಲಾಬಿಯಲ್ಲಿ ಒಬ್ಬರಾದರೂ ಉಳಿದಿದ್ದರೆ ಹೋಸ್ಟ್ ಅವರಿಗೆ ಹೋಗಿ ಲಾಬಿ ಬದುಕುತ್ತಿತ್ತು, ಆದರೆ ಎಲ್ಲರೂ ಒಂದೇ ಮನೆಯವರು. ಯಾದಗಿರಿಯವನು ಅವತ್ತು ಯಾವುದೋ ಮದುವೆಗೆ ಹೋಗಿದ್ದ. ಈಗ ಎರಡು ಹೀರೋ ಮುಗಿದ ಕೂಡಲೇ ಪ್ರೀಸೆಟ್ಸ್‌ಗೆ ಹೋಗಿ ಸೇವ್ ಮಾಡುತ್ತೇನೆ. ಅದೇ ಸೆಟ್ಟಿಂಗ್ ಮತ್ತೆ ತೆರೆಯುವ ಶೇರ್ ಕೋಡ್ ತೆಗೆದು ಮಿಲ್ಲಿನ ಡೈರಿಯ ಹಿಂದಿನ ಪುಟದಲ್ಲೂ ಬರೆದಿಟ್ಟಿದ್ದೇನೆ, ತೊಗರಿ ಚೀಲದ ಲೆಕ್ಕದ ಕೆಳಗೆ.

ಹುಡುಗನ ಡಿಫ್ಲೆಕ್ಟ್ ಈಗ 90ಕ್ಕೆ ಬಂದಿದೆ. ತಮ್ಮನ ಬ್ಲಿಂಕ್ ಇನ್ನೂ 125ರಲ್ಲೇ ಇದೆ. ಅವನು ಕೀಬೋರ್ಡ್ ಬದಲಾಯಿಸಿದ್ದಾನೆ.